ಹತ್ತಿಕೊಂಡ ಮುಚ್ಚಳ ಮತ್ತು ನೀಲಕ್ಕನ ಬಲಗೈ

ಉಗುರುಬಣ್ಣದ ಶೀಶೆಯ ಮುಚ್ಚಳ ತೆರೆಯದಂತೆ ಹತ್ತಿಕೊಂಡರೆ ಏನು ಮಾಡಬೇಕು ಎಂದು ಫೋನಿನಲ್ಲಿ ಹುಡುಕಿದರೆ ಮೊದಲು ಸಿಗುವ ಉಪದೇಶ, ಬಿಸಿನೀರಿನಲ್ಲಿ ಇಡಿ ಎಂಬುದು. ಬರೆದವರು ಯಾವುದೋ ತಂಪು ಊರಿನವರಿರಬೇಕು. ರಾಯಚೂರಿನಲ್ಲಿ ಮೇ ತಿಂಗಳ ಮಧ್ಯಾಹ್ನ ಯಾರೂ ನೀರು ಕಾಯಿಸುವುದಿಲ್ಲ. ನಲ್ಲಿ ತಿರುಗಿಸಿದರೆ ಮಾಳಿಗೆಯ ಟ್ಯಾಂಕಿನಿಂದ ಚಹಾಕ್ಕೆ ಆಗುವಂಥ ನೀರೇ ಬರುತ್ತದೆ; ತಣ್ಣೀರು ಬೇಕಾದವರು ಬೆಳಿಗ್ಗೆಯೇ ಬಕೆಟ್ ತುಂಬಿ ನೆರಳಿನಲ್ಲಿ ಇಟ್ಟುಕೊಳ್ಳಬೇಕು. ಹಾಗಾಗಿ ನಾನು ಮೊನ್ನೆ ಆ ಶೀಶೆಯನ್ನು ನಲ್ಲಿಯ ಕೆಳಗೆ ಹಿಡಿದೆ. ಶೀಶೆ ಬಿಸಿಯಾಯಿತು, ನನ್ನ ಬೆರಳುಗಳು ಬಿಸಿಯಾದವು, ಎದುರು ಕುರ್ಚಿಯಲ್ಲಿ ಕೂತ ನನ್ನ ಅಕ್ಕ ನೀಲಮ್ಮನ ತಲೆಯೂ ಬಿಸಿಯಾಯಿತು. ಮುಚ್ಚಳ ಮಾತ್ರ ಜಪ್ಪಯ್ಯ ಅಂದರೂ ಅಲುಗಲಿಲ್ಲ.

"ಕಾಲೇಜಿನಾಗ ಇಷ್ಟು ವರ್ಷ ಹುಡುಗರಿಗಿ ಪಾಠ ಹೇಳಿದಿ, ಒಂದ ಮುಚ್ಚಳ ತಗ್ಯಾಕ ಬರಂಗಿಲ್ಲೇನು?" ಎಂದಳು ನೀಲಕ್ಕ.

"ನಾ ಹೇಳಿದ್ದು ಇತಿಹಾಸ. ಮುಚ್ಚಳ ಸಿಲೆಬಸ್‌ನಾಗ ಇರಲಿಲ್ಲ" ಎಂದೆ.

ನೀಲಕ್ಕ ಆ ದಿನ ಮಾನ್ವಿಯಿಂದ ಬಸ್ಸಿಗೆ ಬಂದಿದ್ದಳು. ಅವಳು ಬಂದಳೆಂದರೆ ಕೈಚೀಲದಿಂದ ಸಾಮಾನು ಹೊರಬೀಳುವುದಕ್ಕೆ ಒಂದು ಕ್ರಮವಿದೆ. ಮೊದಲು ಖಡಕ್ ರೊಟ್ಟಿ, ಆಮೇಲೆ ಶೇಂಗಾ ಹಿಂಡಿ, ಗುರೆಳ್ಳು ಪುಡಿ, ಕೊನೆಗೆ ತಮ್ಮ ಗಿರಣಿಯ ಹೊಸ ಅಕ್ಕಿ, ಅದರ ಜೊತೆಗೆ ಅಂಗಡಿಯ ಅಕ್ಕಿಯ ಮೇಲೆ ಸಣ್ಣದೊಂದು ಬೈಗುಳ. ಈ ಸಲ ಎಲ್ಲಕ್ಕಿಂತ ಮೊದಲು ಬಂದದ್ದು ಕರವಸ್ತ್ರದಲ್ಲಿ ಸುತ್ತಿದ ಒಂದು ಶೀಶೆ. ಕಡುಗೆಂಪು ಬಣ್ಣ, ಅರ್ಧಕ್ಕಿಂತ ಹೆಚ್ಚು ಉಳಿದಿತ್ತು. ಅದನ್ನು ಟೇಬಲ್ಲಿನ ಮೇಲಿಟ್ಟು ನೀಲಕ್ಕ, "ಇದನ್ನ ತಗದು ನನ್ನ ಬಲಗೈಗೆ ಹಚ್ಚು" ಎಂದಳು.

ಬಿಸಿಲಲ್ಲಿ ಬಂದವಳಿಗೆ ನೀರು ಕೊಡುವುದನ್ನೂ ನಾನು ಮರೆತೆ. ಬೇರೆ ಯಾರಾದರೂ ಈ ಮಾತು ಆಡಿದ್ದರೆ ಅದರಲ್ಲೇನೂ ಇರಲಿಲ್ಲ. ಆದರೆ ನೀಲಕ್ಕ ಬಲಗೈ ಉಗುರಿಗೆ ಬಣ್ಣ ಹಚ್ಚದವಳು ಎಂಬುದು ಮಾನ್ವಿಯಲ್ಲಿ ಗಿರಣಿಯ ಸದ್ದಿನಷ್ಟೇ ಎಲ್ಲರಿಗೂ ಗೊತ್ತಿರುವ ಸಂಗತಿ. ಎಡಗೈಗೆ ಹಚ್ಚುತ್ತಾಳೆ, ಬಲಗೈಗೆ ಹಚ್ಚುವುದಿಲ್ಲ. ಅದು ಅವಳ ಸಂಸ್ಕಾರ. ಅವರ ಮನೆಯಲ್ಲಿ ಮದುವೆಯಾಗಿ ಬಂದ ಹೆಣ್ಣುಮಕ್ಕಳೆಲ್ಲ ಆ ಸಂಸ್ಕಾರವನ್ನು ನೋಡಿ ಕಲಿತವರು. ಕಲಿಯಲೊಲ್ಲೆ ಎಂದವಳು ಒಬ್ಬಳೇ, ನೀಲಕ್ಕನ ಮಗನ ಹೆಂಡತಿ ಪಲ್ಲವಿ. ಅವಳು ಎರಡೂ ಕೈಗೆ ಬಣ್ಣ ಹಚ್ಚಿದಳು, ಮನೆಯಲ್ಲಿ ಮಾತಿಗೆ ಮಾತು ಬೆಳೆಯಿತು, ಅವಳು ರಾಯಚೂರಿನ ತವರಿಗೆ ಬಂದು ಕೂತಳು. ನಮ್ಮ ಮನೆಯಿಂದ ಆಟೋದಲ್ಲಿ ಹೋದರೆ ಅವರ ಮನೆ ದೂರವಲ್ಲ. ಅವಳು ಹೊರಡುವ ಗಡಿಬಿಡಿಯಲ್ಲಿ ಬಿಟ್ಟುಬಂದ ಶೀಶೆಯೇ ಇದು. ಹುಡುಗಿ ಮಾನ್ವಿಗೆ ವಾಪಸು ಹೋಗುತ್ತಾಳೋ ಇಲ್ಲವೋ ಎಂಬುದು ಈಗ ನೀಲಕ್ಕನ ಬಲಗೈಯ ಐದು ಉಗುರುಗಳ ಮೇಲೆ ನಿಂತಿತ್ತು.

ಆ ಐದು ಉಗುರುಗಳಿಗೆ ಬಣ್ಣ ಯಾಕೆ ಬೀಳಲಿಲ್ಲ ಎಂಬುದು ಮಾನ್ವಿಯಲ್ಲಿ ಯಾರಿಗೂ ಗೊತ್ತಿಲ್ಲ ಎಂದು ನಾವಿಬ್ಬರೂ ನಂಬಿದ್ದೆವು. ನನಗೆ ಗೊತ್ತಿತ್ತು. ನಾನು ಅಲ್ಲೇ ಇದ್ದೆ. ಅದನ್ನು ಹೇಳಬೇಕಾದರೆ ನಿಮ್ಮನ್ನು ದೇವದುರ್ಗಕ್ಕೆ ಕರೆದುಕೊಂಡು ಹೋಗಬೇಕು. ಬಸ್ಸು ಬೇಡ, ಅದು ಬಹಳ ಕುಲುಕುತ್ತದೆ. ನನ್ನ ಮಾತಿನಲ್ಲೇ ಬನ್ನಿ.

ದೇವದುರ್ಗದಲ್ಲಿ ನಮ್ಮದು ಕಲ್ಲಿನ ಗೋಡೆಯ ಮನೆ, ಹತ್ತಿ ಮತ್ತು ಜೋಳದ ಬೇಸಾಯ. ಅಪ್ಪನಿಗೆ ಎರಡು ವಿಷಯದಲ್ಲಿ ಹೆಸರಿತ್ತು. ಒಂದು, ಹಣೆ ತುಂಬ ವಿಭೂತಿ ಧರಿಸಿ ಊಟದ ಹೊತ್ತಿಗೆ ಒಂದು ಮಾತೂ ಆಡದೆ ಕೂರುವುದು. ಇನ್ನೊಂದು, ಹತ್ತಿಕೊಂಡ ಮುಚ್ಚಳಗಳನ್ನು ತೆಗೆಯುವುದು. ಓಣಿಯಲ್ಲಿ ಯಾರ ಮನೆಯ ಉಪ್ಪಿನಕಾಯಿ ಭರಣಿ ಬಾಯಿ ಬಿಡದಿದ್ದರೂ, ಯಾರ ಔಷಧದ ಶೀಶೆ ಬಿಗಿದುಕೊಂಡರೂ ನಮ್ಮ ಮನೆಗೆ ಬರುತ್ತಿತ್ತು. ಅಪ್ಪ ಅದನ್ನು ಹಿತ್ತಲ ಬಾಗಿಲಿಗೆ ಒಯ್ಯುತ್ತಿದ್ದ. ಬಾಗಿಲಿಗೂ ಚೌಕಟ್ಟಿಗೂ ನಡುವೆ, ಕೀಲು ಇರುವ ಕಡೆಯ ಸಂದಿನಲ್ಲಿ ಮುಚ್ಚಳವನ್ನು ಇಟ್ಟು, ಬಾಗಿಲನ್ನು ಮೆಲ್ಲಗೆ ಎಳೆದು ಹಿಡಿದು, ಕೆಳಗಿನಿಂದ ಶೀಶೆಯನ್ನು ತಿರುಗಿಸುತ್ತಿದ್ದ. ಟಕ್ ಎಂದು ಸದ್ದಾಗುತ್ತಿತ್ತು. ಅಪ್ಪ ಏನೂ ಆಗಿಲ್ಲವೆಂಬಂತೆ ಶೀಶೆ ಕೊಟ್ಟು ಒಳಗೆ ಹೋಗುತ್ತಿದ್ದ, ಆದರೆ ಆ ಹೊತ್ತು ಅವನ ನಡಿಗೆಯೇ ಬೇರೆ ಇರುತ್ತಿತ್ತು.

ಉಗುರುಬಣ್ಣ ಹಚ್ಚಬೇಡಿ ಎಂದು ಅಪ್ಪ ಎಂದೂ ಹೇಳಿದವನಲ್ಲ. ಹೇಳದೆ ಇದ್ದುದಕ್ಕೇ ನಾವು ಹೆದರುತ್ತಿದ್ದೆವು. ಅಷ್ಟು ವಿಭೂತಿ ಧರಿಸುವವನಿಗೆ ಇದು ಹೇಗೆ ಸೇರೀತು ಎಂದು ಅವ್ವ ತಾನೇ ಊಹಿಸಿಕೊಂಡು, ಅಪ್ಪನ ಪರವಾಗಿ ನಮಗೆ ಬೈಯುತ್ತಿದ್ದಳು. ನಮ್ಮ ಮನೆಯ ಬಹುಪಾಲು ಕಾಯಿದೆಗಳು ಹೀಗೇ ಹುಟ್ಟಿದವು. ಅಪ್ಪನಿಗೆ ಅವುಗಳ ಸುದ್ದಿಯೂ ಇರುತ್ತಿರಲಿಲ್ಲ.

ಬಣ್ಣದ ಶೀಶೆ ಓಣಿಗೆಲ್ಲ ಇದ್ದದ್ದು ಒಂದೇ. ಅದು ಬಳೆ ಮಾರುವ ಖಾಜಾಬಿಯದು. ಬಳೆಯ ಪೆಟ್ಟಿಗೆಯಲ್ಲಿ ಹತ್ತಿಯ ನಡುವೆ ಮಲಗಿಸಿ ಇಟ್ಟುಕೊಂಡಿರುತ್ತಿದ್ದಳು. ಯಾರ ಮನೆಗೆ ಹೆಣ್ಣು ನೋಡಲು ಬರುತ್ತಾರೋ ಆ ಮನೆಗೆ ಶೀಶೆ ಹೋಗಬೇಕು, ಕೆಲಸ ಮುಗಿದ ಮೇಲೆ ವಾಪಸು ಬರಬೇಕು, ಇದು ಓಣಿಯ ರೂಢಿ. ಓಣಿಯಿಂದ ಸಿರವಾರಕ್ಕೆ, ಕವಿತಾಳಕ್ಕೆ, ಲಿಂಗಸೂರಿಗೆ ಮದುವೆಯಾಗಿ ಹೋದ ಹುಡುಗಿಯರೆಲ್ಲ ಆ ಒಂದು ಶೀಶೆಯ ಬಣ್ಣದಲ್ಲೇ ಗಂಡಿನ ಕಡೆಯವರಿಗೆ ಕೈ ತೋರಿಸಿದವರು. ಗಟ್ಟಿಯಾಗುತ್ತ ಬಂದಾಗ ಖಾಜಾಬಿ ಅದಕ್ಕೆ ಏನೋ ಒಂದು ಹನಿ ಬೆರೆಸಿ ಅಲ್ಲಾಡಿಸುತ್ತಿದ್ದಳು. ಏನು ಬೆರೆಸುತ್ತೀ ಎಂದು ಕೇಳುವ ಧೈರ್ಯ ಯಾರಿಗೂ ಇರಲಿಲ್ಲ.

ಮಾನ್ವಿಯ ಅಕ್ಕಿ ಗಿರಣಿಯವರು ನೀಲಕ್ಕನನ್ನು ನೋಡಲು ಬರುವ ದಿನ ಬೆಳಿಗ್ಗೆಯೇ ಖಾಜಾಬಿ ಶೀಶೆ ತಂದುಕೊಟ್ಟಳು.

"ಲೇ ನೀಲಿ, ಬಾಟ್ಲಿ ಜ್ವಾಪಾನ. ನಾ ಸಿರವಾರ ಸಂತಿಗಿ ಹೊಂಟೀನಿ, ಸಂಜಿಗಿ ಬರ್ತೀನಿ. ಗಾಳಿ ಹೋಗದಂಗ ಮುಚ್ಚಳ ಬಿಗಿ ಮಾಡಿಡು" ಎಂದು ಹೇಳಿ ಹೋದಳು.

ನೀಲಕ್ಕ ಆ ಮಾತನ್ನು ಅಕ್ಷರಶಃ ಪಾಲಿಸಿದಳು. ಅವಳು ಹೇಳಿದ ಮಾತು ಕೇಳುವ ಹುಡುಗಿ. ಅದೇ ಮುಂದೆ ಅವಳ ಕೊರಳಿಗೆ ಸುತ್ತಿಕೊಂಡಿತು.

ಮಧ್ಯಾಹ್ನ ನಾವಿಬ್ಬರೂ ಅಡುಗೆಮನೆಯ ಮೂಲೆಯಲ್ಲಿ ಕೂತೆವು. ನಾನು ಕೈ ಹಿಡಿದುಕೊಂಡೆ, ಅವಳೇ ತನ್ನ ಎಡಗೈಗೆ ಹಚ್ಚಿಕೊಂಡಳು. ಐದೂ ಬೆರಳು ಮುಗಿಯುವುದಕ್ಕೂ ಅಂಗಳದಲ್ಲಿ ಅಪ್ಪ ಕೆಮ್ಮುವುದಕ್ಕೂ ಸರಿಹೋಯಿತು. ಅಪ್ಪ ಒಳಗೆ ಬರುತ್ತಾನೆಂದು ಅವಳು ಗಡಬಡಿಸಿ ಮುಚ್ಚಳವನ್ನು ಬಲವಾಗಿ ತಿರುಗಿಸಿ, ಕೈಗೆ ಸಿಕ್ಕ ಜೋಳದ ಹಿಟ್ಟಿನ ಡಬ್ಬಿಯೊಳಗೆ ಶೀಶೆಯನ್ನು ಹುಗಿದಳು. ಅಪ್ಪ ನೀರು ಕುಡಿದು ಹೊರಗೆ ಹೋದ. ಅವನು ಬಂದದ್ದೇ ನೀರಿಗೆ. ಅವ್ವ ಸೀರೆ ಉಡಿಸಲು ಕರೆದಳು, ತಲೆ ಬಾಚಲು ಕರೆದಳು. ನಾವು ಮತ್ತೆ ಶೀಶೆಯನ್ನು ಹೊರತೆಗೆಯುವಷ್ಟರಲ್ಲಿ ಹಸಿ ಬಣ್ಣವೂ ಜೋಳದ ಹಿಟ್ಟೂ ಕೂಡಿ ಮುಚ್ಚಳದ ಸುತ್ತ ಒಣಗಿ ಕೂತಿತ್ತು. ಒಣಗಿದ ರೊಟ್ಟಿ ಹಿಟ್ಟನ್ನು ನಾದುವ ಕೊಣಮಿಗೆಯಿಂದ ಕೆರೆದು ತೆಗೆದವರಿಗೆ ಅದರ ಶಕ್ತಿ ಗೊತ್ತು.

ನೀಲಕ್ಕ ತಿರುಗಿಸಿದಳು. ನಾನು ಸೆರಗು ಸುತ್ತಿ ತಿರುಗಿಸಿದೆ. ಅವ್ವ ಹಲ್ಲಿನಿಂದ ಕಚ್ಚಿ ತಿರುಗಿಸಿ, ಹಲ್ಲು ಹಿಡಿದುಕೊಂಡು ಕೂತಳು. ಕುದಿಯುವ ಗಂಜಿಯಲ್ಲಿ ಅದ್ದಿದೆವು. ಖಾಜಾಬಿ ಸಂತೆಯಲ್ಲಿದ್ದಳು.

"ಅಪ್ಪಗ ಕೊಟ್ರ ತಗದ ಕೊಡ್ತಾನ" ಎಂದೆ ನಾನು.

"ಸುಮ್ಮನ ಕೂಡ್ರಬೇ. ಇವತ್ತ ಅವನ ಮುಂದ ಇದನ್ನ ಹಿಡದಿ ಅಂದ್ರ ಮುಗೀತು" ಎಂದಳು ಅವ್ವ.

ಮುಚ್ಚಳ ತೆಗೆಯುವುದರಲ್ಲಿ ಇಡೀ ತಾಲೂಕಿಗೆ ಹೆಸರಾದವನು ಅಂಗಳದ ಕಟ್ಟೆಯ ಮೇಲೆ ಸುಮ್ಮನೆ ಕೂತಿದ್ದ. ಒಳಗೆ ನಾವು ಮೂವರು ಹೆಂಗಸರು ಒಂದು ಮುಚ್ಚಳದ ಜೊತೆ ಗುದ್ದಾಡುತ್ತಿದ್ದೆವು. ಕೊನೆಗೆ ಅವ್ವ ಹಚ್ಚಿದ್ದನ್ನೇ ಒರೆಸಿಬಿಡೋಣ ಎಂದು ಸೀಮೆಎಣ್ಣೆ ತಂದಳು. ಬಣ್ಣ ಹೋಗಲಿಲ್ಲ, ಎಣ್ಣೆಯ ವಾಸನೆ ಉಳಿಯಿತು. ಅಷ್ಟರಲ್ಲಿ ಬಾಗಿಲಲ್ಲಿ ಜೀಪು ನಿಂತಿತು.

ಅವ್ವ ನೀಲಕ್ಕನ ಕಿವಿಯಲ್ಲಿ, "ಅವರು ಏನ ಕೇಳಿದ್ರೂ ಹೂಂ ಅನ್ನು. ಜಾಸ್ತಿ ಬಾಯಿ ಬಿಡಬ್ಯಾಡ" ಎಂದಳು.

ಬಂದವರಲ್ಲಿ ಮಾತಾಡಿದವರು ಇಬ್ಬರೇ. ಒಬ್ಬಳು ಹುಡುಗನ ತಾಯಿ ಗುರಮ್ಮ, ಎತ್ತರದ ಗಟ್ಟಿ ಹೆಂಗಸು. ಇನ್ನೊಬ್ಬ ಹುಡುಗನ ದೊಡ್ಡಪ್ಪ, ಅಕ್ಕಿಯಲ್ಲಿ ಕಲ್ಲು ಹುಡುಕುವ ಕಣ್ಣಿನಿಂದಲೇ ಮನುಷ್ಯರನ್ನೂ ನೋಡುವವನು. ಹುಡುಗ ನೆಲ ನೋಡುತ್ತಿದ್ದ. ನೀಲಕ್ಕ ಮಂಡಕ್ಕಿ ಸೂಸಲದ ತಟ್ಟೆಗಳನ್ನು ಎರಡೂ ಕೈಯಲ್ಲಿ ಹಿಡಿದು ಬಂದಳು. ತಟ್ಟೆ ಹಿಡಿದ ಕೈಯನ್ನು ಬಚ್ಚಿಡುವುದು ಹೇಗೆ?

"ಇದೇನು, ಒಂದ ಕೈಗೆ ಬಣ್ಣ? ಹಿಡಿದ ಕೆಲಸ ಅರ್ಧಕ್ಕ ಬಿಡೋದು ಚಟ ಏನು ಹುಡುಗಿಗಿ?" ಎಂದ ದೊಡ್ಡಪ್ಪ.

ಗುರಮ್ಮ ನೀಲಕ್ಕನನ್ನು ಹತ್ತಿರ ಕರೆದು ಎಡಗೈ ಹಿಡಿದು ಮೇಲೆತ್ತಿ, ಮುಖದ ಹತ್ತಿರ ತಂದು ನೋಡಿದಳು. ಬೆರಳ ಸಂದಿಯಲ್ಲಿದ್ದ ಹಿಟ್ಟನ್ನು ತನ್ನ ಹೆಬ್ಬೆರಳಿನಿಂದ ಒರೆಸಿದಳು. ಆಮೇಲೆ ತನ್ನ ಭಾವನ ಕಡೆ ತಿರುಗದೆ ಹುಡುಗಿಯನ್ನೇ ಕೇಳಿದಳು:

"ಬಲಗೈ ಪ್ರಸಾದದ ಕೈ ಅಂತ ಬಿಟ್ಟೀ. ಹೌದಿಲ್ಲೇನವ್ವ?"

"ಹೂಂ" ಎಂದಳು ನೀಲಕ್ಕ.

ಅವಳಿಗೆ ಹೇಳಿಕೊಟ್ಟದ್ದು ಅದೊಂದೇ ಮಾತು. ಬಾವಿಗೆ ಬೀಳ್ತೀಯೇನವ್ವ ಎಂದು ಕೇಳಿದ್ದರೂ ಅದನ್ನೇ ಹೇಳುತ್ತಿದ್ದಳು. ದೊಡ್ಡಪ್ಪನ ಮುಖ ಸಡಿಲಾಯಿತು. ಈ ಕಾಲದಾಗ ಇಂಥ ಹುಡುಗಿ ಎಲ್ಲಿ ಸಿಗತಾಳ ಎಂದ. ಸೂಸಲ ಎರಡನೇ ಸಲ ಹಾಕಿಸಿಕೊಂಡ. ಮಾತು ಅಲ್ಲೇ ಕುದುರಿತು.

ಅವರ ಜೀಪು ಓಣಿ ದಾಟುವಷ್ಟರಲ್ಲಿ ಅಪ್ಪ ಅಡುಗೆಮನೆಗೆ ಬಂದ. ಒಲೆಯ ಪಕ್ಕದಲ್ಲಿ ಹಿಟ್ಟು ಮೆತ್ತಿಕೊಂಡ ಶೀಶೆ ಕಂಡಿತು. ಅವ್ವನ ಕೈ ಬಾಯಿಗೆ ಹೋಯಿತು. ಅಪ್ಪ ಅದನ್ನು ಎತ್ತಿ ತಿರುಗಿಸಿ ನೋಡಿ, ಏನೂ ಕೇಳದೆ ಹಿತ್ತಲ ಬಾಗಿಲಿಗೆ ಹೋದ. ಟಕ್ ಎಂದಿತು. ವಾಸನೆ ಮನೆಯನ್ನೆಲ್ಲ ತುಂಬಿತು. ಮೂಗಿಗೆ ಚುಚ್ಚುವ, ಆದರೂ ಇನ್ನೊಮ್ಮೆ ಎಳೆದುಕೊಳ್ಳೋಣ ಅನಿಸುವ ವಾಸನೆ.

"ಇಷ್ಟಕ್ಕ ಹಿಟ್ಟೆಲ್ಲ ಹಾಳು ಮಾಡೀರೇನು? ನನಗ ಹೇಳಬೇಕಿಲ್ಲ?" ಎಂದ ಅಪ್ಪ. ಶೀಶೆಯನ್ನು ಇನ್ನೊಮ್ಮೆ ಮೂಸಿ, "ವಾಸನಿ ಛಲೋ ಅದ" ಎಂದು ಸೇರಿಸಿದ.

ನಾನು ಕುಂಚ ಎತ್ತಿ ನೀಲಕ್ಕನ ಬಲಗೈ ಹಿಡಿದೆ. ಅವ್ವ ತಡೆದಳು. "ಈಗ ಹಚ್ಚಿದ್ರ ಅವರ ಮುಂದ ಹೇಳಿದ್ದು ಸುಳ್ಳ ಆಗತದ. ಮದಿವಿ ಆಗೋ ಮಟ ತಡೀರಿ" ಎಂದಳು. ಅಲ್ಲಿಯವರೆಗೆ ಅದು ಸುಳ್ಳಾಗಿರಲಿಲ್ಲ ಎನ್ನುವಂತಿತ್ತು ಅವಳ ಧಾಟಿ.

ಮದುವೆ ಆಯಿತು. ಆದ ಮೇಲೆ ಹಚ್ಚುವುದು ಇನ್ನೂ ಕಷ್ಟವಾಯಿತು. ಮದುಮಗಳ ಎಡಗೈ ಕೆಂಪು, ಬಲಗೈ ಬರಿದು, ಅದನ್ನು ನೋಡಲೆಂದೇ ಮಾನ್ವಿಯ ಹೆಂಗಸರು ಬಂದರು. ಗುರಮ್ಮ ಎಲ್ಲರಿಗೂ ಹೇಳಿದಳು. ಒಬ್ಬರಿಗೆ ಹೇಳಿದ ಮೇಲೆ ಇನ್ನೊಬ್ಬರಿಗೆ ಹೇಳದೆ ಇರಲಾಗುವುದಿಲ್ಲವಲ್ಲ. ಮೈದುನನ ಹೆಂಡತಿ ಬಂದಳು, ಅವಳೂ ಎಡಗೈಗಷ್ಟೇ ಹಚ್ಚಿದಳು. ನಾದಿನಿಯರು ಕಲಿತರು. ಅಲ್ಲಿಂದ ಸಿರವಾರದ ಬೀಗರ ಮನೆಗೂ ಹೋಯಿತು. ಇದಕ್ಕೊಂದು ಶಾಸ್ತ್ರವೂ ಹುಟ್ಟಿಕೊಂಡಿತು. ರೊಟ್ಟಿ ಬಡಿಯುವ ಕೈಗೆ ಬಣ್ಣ ಇರಬಾರದಂತೆ. ನಮ್ಮ ಕಡೆ ರೊಟ್ಟಿ ಬಡಿಯುವಾಗ ಬಲಗೈ ಬಡಿಯುತ್ತದೆ, ಎಡಗೈ ತಿರುಗಿಸುತ್ತದೆ, ಹಿಟ್ಟು ಎರಡಕ್ಕೂ ಹತ್ತುತ್ತದೆ. ದಿನಕ್ಕೆ ಎರಡು ಹೊತ್ತು ಹಾಗೆ ರೊಟ್ಟಿ ಬಡಿಯುವ ಹೆಂಗಸರೇ ಈ ಶಾಸ್ತ್ರವನ್ನು ತಲೆ ಅಲ್ಲಾಡಿಸಿ ಒಪ್ಪಿಕೊಂಡರು.

ನಾನೂ ಎಡಗೈಗಷ್ಟೇ ಹಚ್ಚುತ್ತ ಬಂದೆ ಎಂದರೆ ನೀವು ನಗುತ್ತೀರಿ. ಮೊದಲು ಅಕ್ಕನ ಗುಟ್ಟು ಬಿಚ್ಚದಿರಲೆಂದು ಹಚ್ಚಿದೆ. ಆಮೇಲೆ ಬಲಗೈಗೆ ಹಚ್ಚಲು ಹೋದರೆ ಏನೋ ತಪ್ಪು ಮಾಡುತ್ತಿದ್ದೇನೆ ಅನಿಸತೊಡಗಿತು. ರೂಢಿಗಳು ಹೇಗೆ ಹುಟ್ಟುತ್ತವೆ ಎಂದು ತರಗತಿಯಲ್ಲಿ ವರ್ಷವರ್ಷವೂ ಪಾಠ ಮಾಡುತ್ತಿದ್ದವಳು ನಾನೇ.

ಐದೇ ಉಗುರಿಗೆ ಹಚ್ಚಿದರೆ ಶೀಶೆ ಮುಗಿಯುವುದಿಲ್ಲ. ಹಬ್ಬಕ್ಕೊಂದು ಸಲ ಗುರಮ್ಮ ಸೊಸೆಗೆ ಹೊಸ ಶೀಶೆ ತರಿಸಿಕೊಡುತ್ತಿದ್ದಳು, ಹಳೆಯದು ಅರ್ಧ ಉಳಿದು ಒಣಗಿ ಹತ್ತಿಕೊಳ್ಳುತ್ತಿತ್ತು. ಮಾನ್ವಿಗೆ ಹೋದಾಗೆಲ್ಲ ನೀಲಕ್ಕನ ಕೋಣೆಯ ಗೋಡೆಯ ಮಾಡದಲ್ಲಿ ಆ ಅರ್ಧ ಶೀಶೆಗಳನ್ನು ನೋಡುತ್ತಿದ್ದೆ. ಕೆಂಪು, ಗುಲಾಬಿ, ಕಂದು, ಒಂದೂ ಬಾಯಿ ಬಿಡುತ್ತಿರಲಿಲ್ಲ. ಎಸೆಯಬಾರದೇ ಎಂದರೆ, ಇರಲಿ ಬಿಡು ಎನ್ನುತ್ತಿದ್ದಳು. ಅವು ಬಲಗೈಯ ಪಾಲಿನವು ಎಂದು ನನಗೆ ಒಂದು ದಿನ ಹೊಳೆಯಿತು. ಅವತ್ತು ನನಗೆ ನಿಜವಾಗಿಯೂ ಸಂಕಟವಾಯಿತು.

"ಗುರಮ್ಮಗ ಖರೇ ಹೇಳಿಬಿಡು. ಏನಾಗತದ?" ಎಂದು ಕೇಳಿದ್ದೆ.

ನೀಲಕ್ಕ ಮಾಡದ ಕಡೆ ನೋಡಿದಳು. "ಅತ್ತಿ ನನ್ನ ಬಗ್ಗಿ ಊರ ಮುಂದ ಹೇಳಿಕೊಳ್ಳೋದು ಇದೊಂದ. ನಾ ಓದಿದಾಕಿ ಅಲ್ಲ, ಬಾಳ ತಂದಾಕಿನೂ ಅಲ್ಲ. ಅಕಿ ಈ ಒಂದ ಮಾತು ಹಿಡಕೊಂಡು ನನ್ನ ಮ್ಯಾಲ ಕೂಡಿಸ್ಯಾಳ. ಇದು ಮುಚ್ಚಳದ ಪುಣ್ಯ ಅಂತ ಹೆಂಗ ಹೇಳಲಿ?" ಎಂದಳು.

ಈಗ ಪಲ್ಲವಿಯ ವಿಷಯಕ್ಕೆ ಬರುತ್ತೇನೆ. ಅವಳು ಒಳ್ಳೆಯ ಹುಡುಗಿ, ಮಾತು ನೇರ. ಮದುವೆಯಾಗಿ ಬಂದ ಹೊಸತರಲ್ಲಿ ಎಡಗೈಗಷ್ಟೇ ಹಚ್ಚಿಕೊಂಡು ಇದ್ದಳು. ಈಚೆಗೆ ಗೆಳತಿಯ ಮದುವೆಗೆಂದು ಎರಡೂ ಕೈಗೆ ಹಚ್ಚಿಕೊಂಡು ಅಡುಗೆಮನೆಗೆ ಬಂದು ರೊಟ್ಟಿ ಬಡಿದಳು. ಗುರಮ್ಮನಿಗೆ ಈಗ ಬಹಳ ವಯಸ್ಸಾಗಿದೆ, ಕಣ್ಣು ಮಂಜಾಗಿದೆ, ಆದರೆ ಕೆಂಪು ಕಾಣುತ್ತದೆ. "ಆ ಕೈ ರೊಟ್ಟಿ ನನಗ ಬ್ಯಾಡ. ನಿಮ್ಮ ಅತ್ತಿನ್ನ ನೋಡಿ ಕಲಿ" ಎಂದು ತಟ್ಟೆ ಸರಿಸಿದಳು.

ಪಲ್ಲವಿ ಹಿರಿಯಳಿಗೆ ಎದುರಾಡಲಿಲ್ಲ. ನೀಲಕ್ಕನ ಕಡೆ ತಿರುಗಿ ಶಾಂತವಾಗಿಯೇ ಕೇಳಿದಳು: "ಅತ್ತಿ, ನೀವು ಬಲಗೈಗೆ ಯಾಕ ಹಚ್ಚಂಗಿಲ್ಲ? ಒಂದ ಕಾರಣ ಹೇಳ್ರಿ, ನಾನೂ ಬಿಡ್ತೀನಿ."

ನೀಲಕ್ಕ ಅತ್ತೆ ಸರಿಸಿದ ತಟ್ಟೆಯನ್ನು ಎತ್ತಿಕೊಂಡು ಹೊರಗೆ ಹೋದಳು. ಮರುದಿನ ಪಲ್ಲವಿ ರಾಯಚೂರಿನ ಬಸ್ಸು ಹತ್ತಿದಳು. ಗುರಮ್ಮ ಆ ದಿನದಿಂದ ಸರಿಯಾಗಿ ಉಣ್ಣಲಿಲ್ಲ. ಮಗ ಗಿರಣಿಯಲ್ಲಿ ಹೆಚ್ಚು ಹೊತ್ತು ಇರತೊಡಗಿದ, ನಮ್ಮ ಕಡೆಯ ಗಂಡಸರು ಮನೆಯ ಸಮಸ್ಯೆಯನ್ನು ಬಿಡಿಸುವ ರೀತಿ ಅದು.

"ಹುಡಿಗಿಗಿ ಸುಳ್ಳ ಹೇಳಿ ಕರಕೊಂಡು ಹೋಗಬಹುದು. ಹಂಗ ಮಾಡಿದ್ರ ನಾಳಿ ಅಕಿ ಮಾಡದಾಗೂ ಇಂಥ ಬಾಟ್ಲಿ ಕೂಡತಾವ" ಎಂದಳು ನೀಲಕ್ಕ, ನನ್ನ ಮನೆಯ ಕುರ್ಚಿಯಲ್ಲಿ ಕೂತು. "ಅದಕ್ಕ ಬಂದೀನಿ. ನೀ ತಗಿ."

ನಾನು ಫೋನು ಬದಿಗಿಟ್ಟೆ. ನಮ್ಮ ಮನೆಯ ಬಾಗಿಲುಗಳೆಲ್ಲ ಹೊಸವು, ಸಂದು ಇಲ್ಲದವು. ಹಿತ್ತಲದ್ದು ಮಾತ್ರ ಹಳೆಯ ಮರದ ಬಾಗಿಲು. ಬದಲಾಯಿಸೋಣ ಎಂದು ಹೇಳುತ್ತಲೇ ವರ್ಷಗಳು ಕಳೆದಿವೆ. ಕೀಲಿನ ಸಂದಿನಲ್ಲಿ ಮುಚ್ಚಳ ಇಟ್ಟು, ಬಾಗಿಲನ್ನು ಮೆಲ್ಲಗೆ ಎಳೆದು ಹಿಡಿದೆ. ನೀಲಕ್ಕ ಎದ್ದು ಬಂದು ಕೆಳಗಿನಿಂದ ಶೀಶೆಯನ್ನು ತಿರುಗಿಸಿದಳು. ಟಕ್ ಎಂದಿತು. ಆ ವಾಸನೆ ಬಂತು. ಅಪ್ಪ ತೀರಿಹೋಗಿ ಬಹಳ ವರ್ಷವಾಯಿತು. ನೀಲಕ್ಕ ಮೆಲ್ಲಗೆ, "ವಾಸನಿ ಛಲೋ ಅದ" ಎಂದಳು. ನನಗೆ ನಗುವೂ ಬಂತು, ಕಣ್ಣಲ್ಲಿ ನೀರೂ ಬಂತು.

ಅವಳ ಬಲಗೈಯನ್ನು ನನ್ನ ತೊಡೆಯ ಮೇಲಿಟ್ಟುಕೊಂಡು ಹಚ್ಚಿದೆ. ಆ ಕೈಗೆ ಸುಮ್ಮನೆ ಕೂತು ರೂಢಿಯಿಲ್ಲ. ನೊಣ ಓಡಿಸಲು ಏಳುತ್ತದೆ, ಸೆರಗು ಸರಿಮಾಡಲು ಏಳುತ್ತದೆ. ರೊಟ್ಟಿ ಬಡಿದು ಬಡಿದು ಉಗುರುಗಳು ಚಪ್ಪಟೆಯಾಗಿದ್ದವು, ಬಣ್ಣ ಬೇಗ ಹಿಡಿಯಲಿಲ್ಲ. ಹೆಬ್ಬೆರಳಿಗೆ ಎರಡು ಸಲ ಹಚ್ಚಬೇಕಾಯಿತು.

"ಎಡಗೈ ಕೊಡು" ಎಂದೆ.

"ಅದಕ್ಕ ಬ್ಯಾಡ. ಅದು ಬಾಳ ಹಚಿಗೊಂಡದ" ಎಂದು ಎಡಗೈಯನ್ನು ಸೆರಗಿನೊಳಗೆ ಎಳೆದುಕೊಂಡಳು. ಬಣ್ಣ ಆರುವವರೆಗೆ ಬಲಗೈಯನ್ನು ಮುಂದೆ ಚಾಚಿ, ಯಾರದೋ ಕೈಯನ್ನು ನೋಡುವಂತೆ ನೋಡುತ್ತ ಕೂತಳು. ಆಮೇಲೆ ಆಟೋ ಹಿಡಿದು ಪಲ್ಲವಿಯ ತವರಿಗೆ ಹೋದಳು. ಈ ಸಲ ಗಡಿಬಿಡಿ ಇರಲಿಲ್ಲ, ಆದರೂ ಶೀಶೆ ನನ್ನ ಟೇಬಲ್ಲಿನ ಮೇಲೆಯೇ ಉಳಿಯಿತು.

ಮರುದಿನ ಬೆಳಿಗ್ಗೆ ಫೋನು ಬಂತು. ಪಲ್ಲವಿಗೆ ದೇವದುರ್ಗದ ಕಥೆ ಪೂರ್ತಿ ಹೇಳಿದಳಂತೆ. ಅವಳು ನಕ್ಕು ನಕ್ಕು, ಆಮೇಲೆ ಅತ್ತು, ಚೀಲ ತುಂಬಿಕೊಂಡು ಜೊತೆಗೇ ಹೊರಟಳಂತೆ. ಸಂಜೆಗೆ ಇಬ್ಬರೂ ಮಾನ್ವಿ ಮುಟ್ಟಿದರು. ಅಲ್ಲಿಯವರೆಗೆ ಎಲ್ಲ ಸರಾಗ. ಆದರೆ ಗುರಮ್ಮನ ಮುಂದೆ ಹೋಗಿ ಕೂತಾಗ ನೀಲಕ್ಕನ ಕೈ ತಾನಾಗಿ ಸೆರಗಿನೊಳಗೆ ಹೋಯಿತಂತೆ. ಬಲಗೈಯನ್ನು ಚಾಚಿ ಮುದುಕಿಯ ಮಡಿಲಲ್ಲಿಟ್ಟು, "ಅತ್ತಿ, ಅವತ್ತ ನಾ ಪ್ರಸಾದಕ್ಕಂತ ಬಿಟ್ಟಿದ್ದಲ್ಲ. ಬಾಟ್ಲಿ ಮುಚ್ಚಳ ಹತ್ತಿಕೊಂಡಿತ್ತು" ಎಂದಳು.

"ಏನಂದಳು ಗುರಮ್ಮ?" ಎಂದೆ.

ನೀಲಕ್ಕ ಗುರಮ್ಮನ ಮಾತನ್ನು ಅವಳದೇ ಧಾಟಿಯಲ್ಲಿ ಒಪ್ಪಿಸಿದಳು:

"'ಅವತ್ತ ನಿನ್ನ ಕೈ ಸೀಮೆಎಣ್ಣಿ ವಾಸನಿ ಹೊಡೀತಿತ್ತು. ಬೆರಳ ಸಂದ್ಯಾಗ ಹಿಟ್ಟಿತ್ತು. ಒರಸಾಕ ಒದ್ದಾಡೀ ಅಂತ ಅವಾಗ ತಿಳೀತು ನನಗ. ನಮ್ಮ ಭಾವ ನಿನ್ನ ಬ್ಯಾಡ ಅಂತಿದ್ದ, ಅದಕ್ಕ ಒಂದ ಮಾತು ಕಟ್ಟಿ ಕೊಟ್ಟೆ. ನೀ ಹೂಂ ಅಂದಿ. ನಾಲ್ಕ ದಿನ ಆದ ಮ್ಯಾಲ ಎರಡೂ ಕೈಗೆ ಹಚ್ಚತಾಳ ಅಂತ ಕಾದೆ. ನೀ ಹಚ್ಚಲೇ ಇಲ್ಲ. ನೀ ಹಿಡದದ್ದನ್ನ ನಾ ಹೆಂಗ ಬಿಡಿಸಲಿ?'"

"ಮತ್ತ ಪಲ್ಲವಿಗ್ಯಾಕ ಬೈದಳು?"

"ಅದನ್ನೂ ಕೇಳಿದೆ. 'ನೀ ಇಷ್ಟು ವರ್ಷ ಕಾದದ್ದನ್ನ ನಿನ್ನಿ ಬಂದಾಕಿ ಒಂದ ದಿನಕ್ಕ ಮುರದ್ರ ನಿನ್ನ ಜೀವಕ್ಕ ಹೆಂಗ ಆಗಬಾರದು' ಅಂದಳು."

ಒಂದೇ ಮನೆಯಲ್ಲಿ ಇಬ್ಬರು ಹೆಂಗಸರು ಒಬ್ಬರ ಮಾನವನ್ನು ಇನ್ನೊಬ್ಬರು ಇಷ್ಟು ವರ್ಷ ಕಾದರು. ಇಬ್ಬರಿಗೂ ಅದು ಬೇಕಿರಲಿಲ್ಲ. ಅಪ್ಪನನ್ನು ಕೇಳದೆ ಅಪ್ಪನಿಗೆ ಹೆದರಿದ ನಮ್ಮ ಮನೆಯಿಂದ ಹೋದವಳು ನೀಲಕ್ಕ. ಅಲ್ಲಿಯೂ ಅವಳನ್ನು ಕೇಳುವವರು ಸಿಗಲಿಲ್ಲ. ಅವಳ ಬಲಗೈಗಾಗಿ ನನಗೆ ತುಂಬ ದುಃಖವಾಯಿತು, ಗುರಮ್ಮನ ಮೇಲೆ ಅದುವರೆಗೆ ಇರದಿದ್ದ ಪ್ರೀತಿಯೂ ಹುಟ್ಟಿತು.

"ಈಗ ಉಣ್ಣಾಕತ್ತ್ಯಾಳೇನು?" ಎಂದು ಕೇಳಿದೆ.

"ಉಣ್ಣಾಕತ್ತ್ಯಾಳ. ಪಲ್ಲವಿ ರೊಟ್ಟಿ ದಪ್ಪ ಆಗತಾವ ಅಂತ ತಕರಾರು ಮಾಡಾಕತ್ತ್ಯಾಳ" ಎಂದಳು ನೀಲಕ್ಕ. ಹಿಂದಿನಿಂದ ಪಲ್ಲವಿಯ ದನಿ ಕೇಳಿಸಿತು, ಬಾಟ್ಲಿ ನೀವ ಇಟ್ಕೊಳ್ರಿ ಚಿಗವ್ವ, ಮುಚ್ಚಳ ಬಿಗಿ ಮಾಡಬ್ಯಾಡ್ರಿ ಎಂದು.

ಫೋನು ಇಟ್ಟು ನಾನು ಶೀಶೆಯ ಬಾಯಿಯನ್ನು ಬಟ್ಟೆಯಿಂದ ಒರೆಸಿದೆ. ನನ್ನ ಎಡಗೈಯ ಹಳೆಯ ಬಣ್ಣ ಕಿತ್ತುಹೋಗಿತ್ತು. ಕುಂಚವನ್ನು ಎಡಗೈಯಲ್ಲಿ ಹಿಡಿದು ಬಲಗೈಗೆ ಹಚ್ಚಿಕೊಳ್ಳತೊಡಗಿದೆ. ಎಡಗೈಗೆ ಆ ಕೆಲಸ ಬರುವುದಿಲ್ಲ. ಅರ್ಧ ಬಣ್ಣ ಉಗುರಿನ ಮೇಲೆ, ಅರ್ಧ ಚರ್ಮದ ಮೇಲೆ. ಐದನೆಯ ಬೆರಳು ಮುಗಿಯುವ ಹೊತ್ತಿಗೆ ಪಕ್ಕದ ಮನೆಯ ಸುಜಾತ ಹೆಪ್ಪಿಗೆ ಮೊಸರು ಕೇಳಲು ಬಂದಳು. ಅವಳ ಕಣ್ಣು ನನ್ನ ಕೈ ಮೇಲೆ ಬಿತ್ತು.

"ಬಲಗೈಗೆ ಅಷ್ಟ ಯಾಕ್ರಿ ಮೇಡಂ? ಹರಕಿ ಏನರ ಅದ ಏನು?" ಎಂದಳು.

ಹೂಂ ಎನ್ನುವುದು ನಾಲಿಗೆಯ ತುದಿಗೆ ಬಂದಿತ್ತು. ನಮ್ಮ ಮನೆತನಕ್ಕೆ ಅದು ಸಲೀಸಾಗಿ ಬರುವ ಮಾತು. ನಾನು ಅದನ್ನು ನುಂಗಿಕೊಂಡೆ.

"ಹರಕಿ ಗಿರಕಿ ಏನಿಲ್ಲ ಸುಜಾತ. ಮನಸ್ಸಾತು, ಹಚಿಗೊಂಡೆ" ಎಂದೆ.

ಅವಳು ನನ್ನನ್ನು ಸ್ವಲ್ಪ ಹೊತ್ತು ಗೌರವದಿಂದ ನೋಡಿದಳು. "ಹೌದ್ರಿ, ಹೇಳಿದ್ರ ಫಲ ಹೋಗತದ" ಎಂದು ದನಿ ತಗ್ಗಿಸಿ ಹೇಳಿ, ನನ್ನ ಬಟ್ಟಲಿನಲ್ಲಿ ಮೊಸರು ತೆಗೆದುಕೊಂಡು ಹೋದಳು.

ನಿನ್ನೆ ಬಟ್ಟಲು ವಾಪಸು ಕೊಡಲು ಬಂದಿದ್ದಳು. ಅವಳ ಬಲಗೈ ಉಗುರುಗಳು ಕೆಂಪಗಿದ್ದವು, ಎಡಗೈ ಬರಿದಾಗಿತ್ತು. ನಾನು ಶೀಶೆ ತಂದು ಮುಚ್ಚಳ ತೆಗೆದು, "ಕೂಡ್ರು, ಆ ಕೈ ಕೊಡು" ಎಂದೆ.